ಮೇಜಿನ ಆಚೆ, ಮೇಜಿನ ಈಚೆ: ಫ್ರೆಡರಿಕ್ ವೈಸ್‌ಮನ್ ಸಾಕ್ಷ್ಯಚಿತ್ರಗಳ ಚರಿತ್ರೆ

ದಲಿತ ವಿಮರ್ಶೆ ಎಂದ ಕೂಡಲೇ ನಾವು ಕಾವ್ಯ, ಕತೆ, ಆತ್ಮಕಥನಗಳ ಅಂಗಳದಲ್ಲೇ ಸುತ್ತು ಹೊಡೆಯುತ್ತೇವೆ. ಬರೆಯುವವರು ಯಾರು, ಬರೆಸಿಕೊಳ್ಳುವವರು ಯಾರು ಎಂಬ ಪ್ರಶ್ನೆಯನ್ನು ಅಕ್ಷರಲೋಕದ ಮಟ್ಟಿಗೆ ಸಾಕಷ್ಟು ಜಗಳವಾಡಿಯೇ ಎತ್ತಿದ್ದೇವೆ. ಅನುಭವದಿಂದ ಹುಟ್ಟಿದ ಬರಹ ಬೇರೆ, ಅನುಕಂಪದಿಂದ ಹುಟ್ಟಿದ ಬರಹ ಬೇರೆ ಎಂಬ ಮಾತು ಈಗ ವಿದ್ಯಾರ್ಥಿಗಳ ನೋಟ್ಸಿಗೂ ಇಳಿದು, ಪರೀಕ್ಷೆಯಲ್ಲಿ ಹತ್ತು ಅಂಕಕ್ಕೆ ಬರೆಯುವ ಉತ್ತರವಾಗಿ ಸವೆದುಹೋಗಿದೆ. ಇದೇ ಜಗಳವನ್ನು ನಾವು ಕ್ಯಾಮೆರಾದ ಜೊತೆ ಆಡಿದ್ದು ಕಡಿಮೆ.

ಮ್ಯಾನ್‌ಹೋಲಿನೊಳಗಿಂದ ಎದೆಮಟ್ಟ ಎದ್ದು ನಿಂತವನ ಫೋಟೋ ಪತ್ರಿಕೆಯಲ್ಲಿ ಬರುತ್ತದೆ. ನಮಗೆ ಸಿಟ್ಟು ಬರುತ್ತದೆ, ಬರಬೇಕಾದ್ದೇ. ಆದರೆ ಸ್ವಲ್ಪ ನಿಂತು ನೋಡಿ: ಆ ಫೋಟೋದಲ್ಲಿ ಗುತ್ತಿಗೆದಾರ ಇಲ್ಲ, ಬಿಲ್ಲಿಗೆ ರುಜು ಹಾಕಿದ ಎಂಜಿನಿಯರ್ ಇಲ್ಲ, ಕಡತ ಮುಚ್ಚಿದ ಅಧಿಕಾರಿ ಇಲ್ಲ. ನೋವುಂಡವನು ಫ್ರೇಮಿನ ಒಳಗೆ, ನೋವು ಕೊಟ್ಟ ವ್ಯವಸ್ಥೆ ಫ್ರೇಮಿನ ಹೊರಗೆ. ಇಂಥ ಸಾವಿರ ಫೋಟೋ ನೋಡಿದ ಮೇಲೆ ಆ ನೋವು ಆ ಮೈಗೇ ಅಂಟಿಕೊಂಡ ಗುಣವೇನೋ ಎಂಬ ಹಾಗೆ ಕಾಣತೊಡಗುತ್ತದೆ. ಕ್ಯಾಮೆರಾದ ಅನುಕಂಪ ಅನ್ನೋದು ಇದೇ.

ಇಲ್ಲಿ ನಾನು ಬರೆಯಹೊರಟಿರುವುದು ಅಮೆರಿಕದ ಫ್ರೆಡರಿಕ್ ವೈಸ್‌ಮನ್ ಬಗ್ಗೆ. ಈ ಸಂಚಿಕೆಗೂ ಬಾಸ್ಟನ್ನಿನ ಒಬ್ಬ ಬಿಳಿಯ ವಕೀಲನಿಗೂ ಏನಪ್ಪಾ ಸಂಬಂಧ ಅಂತ ಗೆಳೆಯರು ಕೇಳಿದರು. ಆತ ದಲಿತರ ಬಗ್ಗೆ ಚಿತ್ರ ಮಾಡಿದವನಲ್ಲ, ಭಾರತದ ಬಗ್ಗೆಯೂ ಅಲ್ಲ. ಸಂಬಂಧ ಇರುವುದು ಇಷ್ಟೇ: 1967ರಿಂದ 2023ರವರೆಗೆ, ನಲವತ್ತಕ್ಕೂ ಹೆಚ್ಚು ಚಿತ್ರಗಳಲ್ಲಿ, ಕೈಚಾಚಿದವನೂ ಕೈಯಲ್ಲಿ ಪೆನ್ನು ಹಿಡಿದವನೂ ಎದುರುಬದುರು ಕೂರುವ ಆ ಮೇಜನ್ನು ಈತ ಇಡಿಯಾಗಿ ಫ್ರೇಮಿನೊಳಗೆ ತಂದ. ಮೇಜಿನ ಆಚೆಯವರ ಮಾತನ್ನು ನಾವು ಅಷ್ಟು ಹೊತ್ತು, ಅಷ್ಟು ಹತ್ತಿರದಿಂದ ಕೇಳುವ ಹಾಗೆ ಮಾಡಿದವರು ಅಪರೂಪ. ಹಾಗಂತ ಇದು ಹೊಗಳಿಕೆಯ ಲೇಖನವಲ್ಲ. ಈತನ ಬಗ್ಗೆ ನನಗೊಂದು ತಕರಾರಿದೆ, ಅದನ್ನು ಮುಂದೆ ಹೇಳುತ್ತೇನೆ.

ಮೊದಲು ಆ ಕಾಲದ ಹಿನ್ನೆಲೆ. ನಮ್ಮ ಅಪ್ಪನ ಕಾಲದವರಿಗೆ ಸಾಕ್ಷ್ಯಚಿತ್ರ ಅಂದರೆ ಟಾಕೀಸಿನಲ್ಲಿ ಸಿನಿಮಾ ಶುರುವಾಗುವ ಮೊದಲು ತೋರಿಸುತ್ತಿದ್ದ ಫಿಲ್ಮ್ಸ್ ಡಿವಿಷನ್ನಿನ ರೀಲು. ಅಣೆಕಟ್ಟು, ಪ್ರವಾಹ, ಮಂತ್ರಿಗಳ ಭಾಷಣ. ಎಲ್ಲದರ ಮೇಲೂ ಕಾಣದ ಗಂಡಸಿನ ಒಂದು ಗಂಭೀರ ದನಿ. ಜನರ ಬಾಯಿ ಅಲ್ಲಾಡುತ್ತಿತ್ತು, ಮಾತು ಮಾತ್ರ ಸರ್ಕಾರದ್ದು. ಇದು ನಮ್ಮೊಬ್ಬರ ಕತೆಯಲ್ಲ, ಜಗತ್ತಿನ ಎಲ್ಲೆಡೆ ಬಹುಪಾಲು ಹೀಗೇ ಇತ್ತು. ಸ್ಥಳದಲ್ಲೇ ಜನರ ಮಾತನ್ನು ಚಿತ್ರದ ಜೊತೆ ಹೊಂದಿಸಿ ಹಿಡಿಯುವ ಹಗುರ ಯಂತ್ರಗಳು ಇರಲಿಲ್ಲ ಎಂಬುದು ಅದಕ್ಕೆ ಒಂದು ಕಾರಣ. 1960ರ ಹೊತ್ತಿಗೆ ಹೆಗಲ ಮೇಲೆ ಹೊರಬಲ್ಲ 16 ಮಿಲಿಮೀಟರ್ ಕ್ಯಾಮೆರಾ, ಅದರ ಜೊತೆ ತಾಳ ತಪ್ಪದೆ ಓಡುವ ಟೇಪ್ ರೆಕಾರ್ಡರ್ ಬಂದವು. ಅದೇ ವರ್ಷ ರಾಬರ್ಟ್ ಡ್ರೂ ಮತ್ತು ಗೆಳೆಯರು ಕೆನಡಿಯ ಚುನಾವಣಾ ಪ್ರಚಾರದ ಹಿಂದೆ ಬಿದ್ದು 'ಪ್ರೈಮರಿ' ಎಂಬ ಚಿತ್ರ ತೆಗೆದರು. ಹಿನ್ನೆಲೆಯ ದನಿಯನ್ನು ಕಡಿಮೆ ಮಾಡಿ, ನಡೆಯುವುದನ್ನು ನಡೆಯುವಂತೆಯೇ ಹಿಡಿಯುವ ಈ ಪಂಥಕ್ಕೆ ಡೈರೆಕ್ಟ್ ಸಿನಿಮಾ ಎಂಬ ಹೆಸರು ಬಿತ್ತು. ಹೊಸ ಕಣ್ಣು ಬಂತು, ನಿಜ. ಆದರೆ ಆ ಕಣ್ಣು ಬಹಳ ಮಟ್ಟಿಗೆ ನೋಡಿದ್ದು ದೊಡ್ಡವರನ್ನೇ: ಅಧ್ಯಕ್ಷರು, ಹಾಡುಗಾರರು, ತಾರೆಯರು. ಅದನ್ನು ಕಚೇರಿ, ಆಸ್ಪತ್ರೆ, ಶಾಲೆ, ಠಾಣೆಯ ಕಡೆಗೆ ತಿರುಗಿಸಿ ಜೀವಮಾನವಿಡೀ ಅಲ್ಲೇ ನಿಲ್ಲಿಸಿದವನು ವೈಸ್‌ಮನ್.

ಈತ 1930ರ ಜನವರಿ 1ರಂದು ಬಾಸ್ಟನ್ನಿನ ಯಹೂದಿ ಕುಟುಂಬವೊಂದರಲ್ಲಿ ಹುಟ್ಟಿದ. ಅಪ್ಪ ವಕೀಲ. ಮಗನೂ ಯೇಲ್ ವಿಶ್ವವಿದ್ಯಾಲಯದಲ್ಲಿ ಕಾನೂನು ಓದಿ 1954ರಲ್ಲಿ ಪದವಿ ಪಡೆದ. ಆಮೇಲೆ ಸೈನ್ಯ, ಒಂದಷ್ಟು ಕಾಲ ಪ್ಯಾರಿಸ್, ಆಮೇಲೆ ಬಾಸ್ಟನ್ ವಿಶ್ವವಿದ್ಯಾಲಯದಲ್ಲಿ ಕಾನೂನಿನ ಮೇಷ್ಟ್ರು. ಶರ್ಲಿ ಕ್ಲಾರ್ಕ್ ಹಾರ್ಲೆಮ್ಮಿನ ಕಪ್ಪು ಹುಡುಗರ ಕತೆಯನ್ನು 'ದಿ ಕೂಲ್ ವರ್ಲ್ಡ್' ಎಂದು ಸಿನಿಮಾ ಮಾಡಿದಾಗ ಅದರ ನಿರ್ಮಾಪಕ ಈತನೇ. ಮೇಷ್ಟ್ರಾಗಿದ್ದಾಗ ತನ್ನ ವಿದ್ಯಾರ್ಥಿಗಳನ್ನು ಮ್ಯಾಸಚೂಸೆಟ್ಸ್ ರಾಜ್ಯದ ಬ್ರಿಡ್ಜ್‌ವಾಟರ್ ಎಂಬಲ್ಲಿಗೆ ಕರೆದುಕೊಂಡು ಹೋಗುತ್ತಿದ್ದ. ಅದು ಅಪರಾಧಿಗಳೆಂದೂ ಹುಚ್ಚರೆಂದೂ ಎರಡು ಮುದ್ರೆ ಬಿದ್ದವರನ್ನು ಇಡುವ ಸರ್ಕಾರಿ ಸೆರೆಮನೆ-ಆಸ್ಪತ್ರೆ. ನಾಳೆ ನ್ಯಾಯಾಧೀಶರಾಗಿ, ಸರ್ಕಾರಿ ವಕೀಲರಾಗಿ ಜನರನ್ನು ಎಲ್ಲಿಗೆ ಕಳಿಸುತ್ತೀರೋ ಅದನ್ನು ಒಮ್ಮೆ ಕಣ್ಣಾರೆ ನೋಡಿ ಎಂಬುದು ಪಾಠ. ಈ ಪಾಠವೇ ಮುಂದೆ ಆತನ ಸಿನಿಮಾ ಆಯಿತು.

1966ರಲ್ಲಿ ಅಲ್ಲಿನ ಸೂಪರಿಂಟೆಂಡೆಂಟ್ ಒಪ್ಪಿಗೆಯೊಂದಿಗೆ ಚಿತ್ರೀಕರಣ ನಡೆಯಿತು. ಕ್ಯಾಮೆರಾ ಹಿಡಿದವನು ಜಾನ್ ಮಾರ್ಷಲ್. ಈತ ಅದಕ್ಕೂ ಮೊದಲು ಆಫ್ರಿಕದ ಕಲಹರಿ ಮರುಭೂಮಿಯ ಬುಡಕಟ್ಟಿನ ಜನರನ್ನು ಚಿತ್ರಿಸಿ ಹೆಸರಾಗಿದ್ದವನು. ಬುಡಕಟ್ಟುಗಳನ್ನು ನೋಡಿ ಪಳಗಿದ ಕಣ್ಣು ಈಗ ಅಮೆರಿಕದ ಗೋಡೆಯೊಳಗೆ ಬಂತು ಎಂಬುದನ್ನು ನಾವು ಸುಮ್ಮನೆ ದಾಟಿಹೋಗಬಾರದು. 84 ನಿಮಿಷದ ಈ ಚಿತ್ರದ ಹೆಸರು 'ಟಿಟಿಕಟ್ ಫಾಲೀಸ್'. ಅಲ್ಲಿನ ಸಿಬ್ಬಂದಿ ಮತ್ತು ಬಂದಿಗಳು ಸೇರಿ ಆಡುತ್ತಿದ್ದ ವಾರ್ಷಿಕ ಮನರಂಜನೆ ಕಾರ್ಯಕ್ರಮದ ಹೆಸರದು. ಟಿಟಿಕಟ್ ಅನ್ನೋದು ಹತ್ತಿರದ ನದಿಗೆ ಅಲ್ಲಿನ ಮೂಲನಿವಾಸಿಗಳ ಭಾಷೆಯಲ್ಲಿದ್ದ ಹೆಸರು. ಮೂಲನಿವಾಸಿಗಳು ಹೋದರು, ಹೆಸರು ಹುಚ್ಚಾಸ್ಪತ್ರೆಯ ನಾಟಕಕ್ಕೆ ಬಂತು.

ಮೂರು ದೃಶ್ಯಗಳನ್ನು ಹೇಳುತ್ತೇನೆ. ಒಂದು: ಬೆತ್ತಲೆ ನಿಂತ ಒಬ್ಬ ಬಂದಿಯನ್ನು ಕಾವಲುಗಾರರು, ನಿನ್ನ ಕೋಣೆ ಯಾಕೆ ಗಲೀಜಾಗಿದೆ, ನಾಳೆ ಹೇಗಿರಬೇಕು ಅಂತ ಅದೇ ಪ್ರಶ್ನೆಯನ್ನು ಮತ್ತೆ ಮತ್ತೆ ಕೇಳಿ ಕೆಣಕುತ್ತಾರೆ. ಆತ ಹಿಂದೊಮ್ಮೆ ಮೇಷ್ಟ್ರಾಗಿದ್ದವನು. ಕೊನೆಗೆ ಖಾಲಿ ಕೋಣೆಯಲ್ಲಿ ಕಾಲು ನೆಲಕ್ಕೆ ಅಪ್ಪಳಿಸುತ್ತಾ ನಿಲ್ಲುತ್ತಾನೆ. ಎರಡು: ಊಟ ಬಿಟ್ಟವನೊಬ್ಬನಿಗೆ ಮೂಗಿನ ಮೂಲಕ ಕೊಳವೆ ತುರುಕಿ ದ್ರವ ಆಹಾರ ಹೊಯ್ಯುತ್ತಾರೆ. ಹೊಯ್ಯುವ ವೈದ್ಯನ ಬಾಯಲ್ಲಿ ಸಿಗರೇಟು, ಬೂದಿ ಈಗಲೋ ಆಗಲೋ ಆ ಕೊಳವೆಯೊಳಗೇ ಉದುರುವ ಹಾಗಿದೆ. ಈ ದೃಶ್ಯದ ನಡುನಡುವೆ ಅದೇ ಮನುಷ್ಯನ ಹೆಣಕ್ಕೆ ಕ್ಷೌರ ಮಾಡಿ ಸಿಂಗರಿಸುವ ಚಿತ್ರಗಳು ಬಂದುಹೋಗುತ್ತವೆ. ಬದುಕಿದ್ದಾಗ ಸಿಗದ ನಾಜೂಕು ಸತ್ತ ಮೇಲೆ ಸಿಕ್ಕಿತು. ಮೂರನೆಯದೇ ನನಗೆ ಬಹಳ ಮುಖ್ಯ. ವೈದ್ಯರ ಮಂಡಳಿಯ ಮುಂದೆ ಒಬ್ಬ ಯುವಕ ನಿಂತು, ನನಗೆ ಇಲ್ಲಿ ಇನ್ನೂ ಕೆಡುಕಾಗುತ್ತಿದೆ, ಈ ಗದ್ದಲ, ಈ ಔಷಧಿ ನನ್ನನ್ನು ಹಾಳುಮಾಡುತ್ತಿವೆ, ನನ್ನನ್ನು ವಾಪಸ್ ಜೈಲಿಗೇ ಕಳಿಸಿ ಎಂದು ವಾದಿಸುತ್ತಾನೆ. ಮಾತಿನಲ್ಲಿ ತರ್ಕ ಇದೆ, ಕ್ರಮ ಇದೆ. ಅವನನ್ನು ಹೊರಗೆ ಕಳಿಸಿದ ಮೇಲೆ ಮೇಜಿನ ಸುತ್ತ ಕೂತವರು ಆತನ ತರ್ಕವನ್ನೇ ರೋಗದ ಲಕ್ಷಣವಾಗಿ ಓದಿಕೊಂಡು, ಮಂಪರಿನ ಔಷಧಿಯನ್ನು ಇನ್ನೂ ಹೆಚ್ಚಿಸಿ ಅಂತ ತೀರ್ಮಾನಿಸುತ್ತಾರೆ. ತಗ್ಗಿ ಮಾತಾಡಿದರೆ ದಡ್ಡ, ಎತ್ತಿ ಮಾತಾಡಿದರೆ ತಲೆಹರಟೆ ಎಂಬ ತೀರ್ಪನ್ನು ಕೇಳಿಕೊಂಡೇ ಬೆಳೆದ ನಮಗೆ ಈ ಮಂಡಳಿಯ ಪರಿಚಯ ಬೇಕಾಗಿಲ್ಲ.

1967ರಲ್ಲಿ ಈ ಚಿತ್ರ ನ್ಯೂಯಾರ್ಕ್ ಚಿತ್ರೋತ್ಸವಕ್ಕೆ ಬಂದಾಗ ಮ್ಯಾಸಚೂಸೆಟ್ಸ್ ಸರ್ಕಾರ ಅದನ್ನು ತಡೆಯಲು ಕೋರ್ಟಿಗೆ ಹೋಯಿತು. ಅವರ ವಾದವೇನು? ಚಿತ್ರದಲ್ಲಿ ಸುಳ್ಳಿದೆ ಅಂತ ಅಲ್ಲ. ಬಂದಿಗಳ ಖಾಸಗಿತನಕ್ಕೆ, ಅವರ ಮಾನಕ್ಕೆ ಭಂಗ ಬಂದಿದೆ ಅಂತ! ಬಟ್ಟೆ ಕಿತ್ತುಕೊಂಡು ಕೂಡಿಹಾಕಿದವರಿಗೆ, ಆ ಬೆತ್ತಲೆಯನ್ನು ಹೊರಗಿನವರು ನೋಡಿದಾಗ ಮಾನದ ನೆನಪಾಯಿತು. 1968ರಲ್ಲಿ ಕೆಳಗಿನ ಕೋರ್ಟಿನ ನ್ಯಾಯಾಧೀಶ ಚಿತ್ರದ ಪ್ರತಿಗಳನ್ನೇ ನಾಶಮಾಡಿ ಎಂದ. 1969ರಲ್ಲಿ ರಾಜ್ಯದ ಮೇಲಿನ ಕೋರ್ಟು ಅದನ್ನು ಸಡಿಲಿಸಿ ವೈದ್ಯರು, ವಕೀಲರು, ಸಮಾಜಕಾರ್ಯದವರು, ಆ ವಿಷಯಗಳ ವಿದ್ಯಾರ್ಥಿಗಳು ಮಾತ್ರ ನೋಡಬಹುದು ಎಂದಿತು. ಅಂದರೆ ಮೇಜಿನ ಆಚೆ ಕೂರುವವರು, ಮುಂದೆ ಅಲ್ಲಿ ಕೂರಲಿರುವವರು ನೋಡಬಹುದು, ಉಳಿದವರು ನೋಡುವಂತಿಲ್ಲ. ಜೊತೆಗೆ, 1966ರ ನಂತರ ಬ್ರಿಡ್ಜ್‌ವಾಟರಿನಲ್ಲಿ ಸುಧಾರಣೆಗಳಾಗಿವೆ ಎಂಬ ವಿವರಣೆಯನ್ನು ಚಿತ್ರದಲ್ಲಿ ಸೇರಿಸಬೇಕೆಂದೂ ಕೋರ್ಟು ಹೇಳಿತು. ವೈಸ್‌ಮನ್ ಸೇರಿಸಿದ, ಕೋರ್ಟು ಹೀಗೆ ಹೇಳಲು ಆಜ್ಞೆ ಮಾಡಿದೆ ಎಂಬುದನ್ನೂ ಸೇರಿಸಿಯೇ.

ಆ ಸುಧಾರಣೆಗಳ ಕತೆ ಮುಂದೆ ತಿಳಿಯಿತು. 1987ರಲ್ಲಿ ಬ್ರಿಡ್ಜ್‌ವಾಟರಿನಲ್ಲಿ ಸತ್ತ ಏಳು ಬಂದಿಗಳ ಕುಟುಂಬಗಳು ಸರ್ಕಾರದ ಮೇಲೆ ಕೇಸು ಹಾಕಿದವು. ಅವರಲ್ಲೊಬ್ಬನನ್ನು ಎರಡೂವರೆ ತಿಂಗಳು ಕಟ್ಟಿಹಾಕಿ ಮಿತಿಮೀರಿ ಔಷಧಿ ಕೊಟ್ಟಿದ್ದರು, ಅನ್ನ ನುಂಗಲಾಗದೆ ಉಸಿರುಕಟ್ಟಿ ಸತ್ತ ಎಂದು ಆ ಕುಟುಂಬದ ವಕೀಲರು ಹೇಳಿದರು. ಚಿತ್ರವನ್ನು ಜನರಿಂದ ಮುಚ್ಚಿಟ್ಟಿದ್ದಕ್ಕೂ ಇಪ್ಪತ್ತು ವರ್ಷದ ಮೇಲೆ ಈತ ಸತ್ತಿದ್ದಕ್ಕೂ ನೇರ ಸಂಬಂಧವಿದೆ ಎಂಬುದು ಅವರ ಮಾತು. ನಿರ್ಬಂಧ ತೆರವಾದದ್ದು 1991ರಲ್ಲಿ. ನ್ಯಾಯಾಧೀಶರು ಕೊಟ್ಟ ಕಾರಣಗಳಲ್ಲಿ ಒಂದನ್ನು ಗಮನಿಸಿ: ಚಿತ್ರದಲ್ಲಿರುವ ಬಹಳ ಜನ ಸತ್ತುಹೋಗಿದ್ದಾರೆ, ಆದ್ದರಿಂದ ಅವರ ಮಾನಕ್ಕೆ ಇನ್ನು ಅಷ್ಟು ಅಪಾಯವಿಲ್ಲ. 1992ರಲ್ಲಿ ಅಮೆರಿಕದ ಸಾರ್ವಜನಿಕ ಟಿವಿ ಅದನ್ನು ತೋರಿಸಿತು.

ಇಲ್ಲಿ ಪ್ರಭುತ್ವದ ಹುನ್ನಾರ ಕಣ್ಣಿಗೆ ಹೊಡೆಯುವಷ್ಟು ಸ್ಪಷ್ಟ. ಆದರೆ ಪ್ರಭುತ್ವ ಸುಳ್ಳು ಬಾಯಿಂದ ಕೇಳಿದ ಪ್ರಶ್ನೆಯೂ ಕೆಲವೊಮ್ಮೆ ನಿಜವಾದ ಪ್ರಶ್ನೆಯಾಗಿರುತ್ತದೆ. ಆ ಬೆತ್ತಲೆ ಮನುಷ್ಯರು ನಮ್ಮನ್ನು ಚಿತ್ರಿಸಿ ಎಂದಿದ್ದರೆ? ಒಪ್ಪಿಗೆ ಕೊಡುವ ಸ್ಥಿತಿಯಲ್ಲಿ ಯಾರಿದ್ದಾರೆ, ಯಾರಿಲ್ಲ ಎನ್ನುವ ವಿಚಾರದಲ್ಲಿ ವೈಸ್‌ಮನ್ ನೆಚ್ಚಿಕೊಂಡದ್ದು ಆಸ್ಪತ್ರೆಯವರನ್ನು. ಅನುಮತಿ ಬಂದದ್ದು ಮೇಜಿನ ಆಚೆಯಿಂದಲೇ. ಆತನ ಚಿತ್ರ ಯಾವ ಅಧಿಕಾರವನ್ನು ಬಯಲಿಗೆಳೆಯಿತೋ ಅದೇ ಅಧಿಕಾರದ ಬಾಗಿಲಿನಿಂದ ಕ್ಯಾಮೆರಾ ಒಳಗೆ ಹೋಗಿತ್ತು. ಇದನ್ನು ಮರೆತು ಆತನನ್ನು ಹುತಾತ್ಮ ಮಾಡುವುದು ಬೇಡ.

ಈ ಕೇಸು ಆತನಿಗೆ ಒಂದು ಪಾಠ ಕಲಿಸಿತು. ಸಂಕಲನದ ಪೂರ್ತಿ ಹಕ್ಕು ತನ್ನದೇ ಎಂಬುದನ್ನು ಮೊದಲೇ ಬರವಣಿಗೆಯಲ್ಲಿ ಇತ್ಯರ್ಥ ಮಾಡಿಕೊಳ್ಳತೊಡಗಿದ. ಚಿತ್ರಿಸಿದವರ ಒಪ್ಪಿಗೆಯನ್ನು ಟೇಪಿನಲ್ಲಿ ಹಿಡಿದಿಡತೊಡಗಿದ. ಬೇಡ ಅಂದವರನ್ನು ಬಿಟ್ಟುಬಿಡುತ್ತಿದ್ದೆ ಎಂದು ಹೇಳಿಕೊಂಡಿದ್ದಾನೆ. 1971ರಲ್ಲಿ ಜಿಪೋರಾ ಫಿಲ್ಮ್ಸ್ ಎಂಬ ತನ್ನದೇ ವಿತರಣಾ ಸಂಸ್ಥೆ ಕಟ್ಟಿಕೊಂಡ. ಎಪ್ಪತ್ತರ ದಶಕದಲ್ಲಿ ನ್ಯೂಯಾರ್ಕಿನ ಸಾರ್ವಜನಿಕ ಟಿವಿ ಕೇಂದ್ರದೊಂದಿಗೆ ಒಪ್ಪಂದವಾಗಿ ಹೆಚ್ಚುಕಡಿಮೆ ವರ್ಷಕ್ಕೊಂದು ಚಿತ್ರ ಬರತೊಡಗಿತು.

ಕೆಲಸದ ರೀತಿ ಸರಳ, ಆದರೆ ಬಹಳ ಹಟದ್ದು. ಎರಡು ಮೂರು ಜನರ ತಂಡ. ವೈಸ್‌ಮನ್ ಕ್ಯಾಮೆರಾ ಮುಟ್ಟುತ್ತಿರಲಿಲ್ಲ, ಮೈಕು ಹಿಡಿಯುತ್ತಿದ್ದ. ಬಹುಪಾಲು ನಿರ್ದೇಶಕರು ಕಣ್ಣಿನ ಹತ್ತಿರ ಇರುತ್ತಾರೆ, ಈತ ಕಿವಿಯ ಹತ್ತಿರ ಇದ್ದ. ಯಾರ ಮಾತು ಹೇಗೆ ಸಾಗುತ್ತಿದೆ ಅಂತ ಕೇಳಿಸಿಕೊಳ್ಳುತ್ತಾ ಸನ್ನೆಯಿಂದ ಕ್ಯಾಮೆರಾದವನನ್ನು ನಡೆಸುತ್ತಿದ್ದ. ಮೊದಲ ದಶಕದ ಬಹುಪಾಲು ಚಿತ್ರಗಳಲ್ಲಿ ವಿಲಿಯಂ ಬ್ರೇನ್, ಆಮೇಲೆ ದೀರ್ಘಕಾಲ ಜಾನ್ ಡೇವಿ ಆತನ ಕ್ಯಾಮೆರಾ ಹಿಡಿದರು. ಒಂದು ಸಂಸ್ಥೆಯಲ್ಲಿ ಸಾಮಾನ್ಯವಾಗಿ ಕೆಲವು ವಾರ ಚಿತ್ರೀಕರಣ, ಆಮೇಲೆ ತಿಂಗಳುಗಟ್ಟಲೆ ಒಬ್ಬನೇ ಕೂತು ಎಡಿಟಿಂಗ್. ಹಿನ್ನೆಲೆ ದನಿ ಇಲ್ಲ, ತುರುಕಿದ ಸಂಗೀತ ಇಲ್ಲ, ಹೆಸರು-ಹುದ್ದೆಯ ಪಟ್ಟಿ ಇಲ್ಲ. ಸಂದರ್ಶನ ಇಲ್ಲವೇ ಇಲ್ಲ.

ಸಂದರ್ಶನ ಇಲ್ಲದಿರುವುದು ದೊಡ್ಡ ವಿಷಯ. ನಮ್ಮ ಕೇರಿಗಳಿಗೆ ಕ್ಯಾಮೆರಾ ಬಂದಾಗಲೆಲ್ಲ ಮೊದಲ ಪ್ರಶ್ನೆ, ನಿಮಗೆ ಹೇಗನ್ನಿಸ್ತಾ ಇದೆ? ನೋವುಂಡವರು ತಮ್ಮ ನೋವಿಗೆ ತಾವೇ ಸಾಕ್ಷಿ ಹೇಳಬೇಕು, ಅದೂ ಕಣ್ಣೀರಿನ ಜೊತೆ ಹೇಳಬೇಕು, ಆಗ ಮಾತ್ರ ನಂಬಿಕೆ. ವೈಸ್‌ಮನ್ ಯಾರನ್ನೂ ಹಾಗೆ ಕಟಕಟೆಗೆ ಕರೆಯಲಿಲ್ಲ. ಬದಲು ಮೇಜಿನ ಆಚೆಯವರು ದಿನನಿತ್ಯ ಆಡುವ ಸಭ್ಯ ಮಾತನ್ನೇ ಪುರಾವೆಯಾಗಿ ಇಟ್ಟ. ಹಾಗೆಂದು ಇದು ಗೋಡೆಗೆ ಕೂತ ನೊಣದ ನೋಟ ಅಂತ ಹೇಳಿದರೆ ಆತನಿಗೇ ಸಿಟ್ಟು ಬರುತ್ತಿತ್ತು. ಗಮನಿಸುವ ಸಿನಿಮಾ, ಸಿನಿಮಾ ವೆರಿತೆ ಮುಂತಾದ ಹೆಸರುಗಳನ್ನು ಆತ ಒಪ್ಪಲಿಲ್ಲ. ಎಲ್ಲವೂ ಆಯ್ಕೆ, ಎಲ್ಲವೂ ಕಟ್ಟಿದ್ದು ಎಂದು ಹೇಳುತ್ತಾ ತನ್ನ ಚಿತ್ರಗಳನ್ನು ಒಮ್ಮೆ ಅರ್ಧ ತಮಾಷೆಯಾಗಿ ವಾಸ್ತವದ ಕಟ್ಟುಕತೆಗಳು ಎಂದು ಕರೆದಿದ್ದ.

1968ರ 'ಹೈಸ್ಕೂಲ್' ಫಿಲಡೆಲ್ಫಿಯಾದ ಶಾಲೆಯೊಂದರ ಚಿತ್ರ. ತನ್ನದಲ್ಲದ ತಪ್ಪಿಗೆ ಶಿಕ್ಷೆ ಆಗುತ್ತಿದೆ ಎನ್ನುವ ಹುಡುಗನಿಗೆ ಅಧಿಕಾರಿ ಮೇಷ್ಟ್ರು, ಸರಿಯೋ ತಪ್ಪೋ ಶಿಕ್ಷೆ ಒಪ್ಪಿಕೊಂಡು ಗಂಡಸುತನ ತೋರಿಸು ಎನ್ನುತ್ತಾನೆ. ಕೊನೆಯಲ್ಲಿ ವಿಯೆಟ್ನಾಮಿನ ಯುದ್ಧಕ್ಕೆ ಹೊರಟ ಹಳೆಯ ವಿದ್ಯಾರ್ಥಿಯ ಪತ್ರವನ್ನು ಪ್ರಾಂಶುಪಾಲೆ ಓದುತ್ತಾಳೆ. ತಾನು ಕೆಲಸ ಮಾಡುವ ಒಂದು ದೇಹ ಮಾತ್ರ, ತನ್ನ ಬಗ್ಗೆ ಚಿಂತೆ ಬೇಡ ಎಂದು ಬರೆದಿದ್ದಾನೆ. ನಮ್ಮ ಶಾಲೆ ಯಶಸ್ವಿಯಾಗಿದೆ ಎನ್ನುವುದಕ್ಕೆ ಇದೇ ಸಾಕ್ಷಿ ಎನ್ನುತ್ತಾಳೆ ಆಕೆ. ಅಲ್ಲಿಗೆ ಚಿತ್ರ ಮುಗಿಯುತ್ತದೆ. ನಾನೂ ಈಗ ಮೇಷ್ಟ್ರೇ. ಈ ದೃಶ್ಯ ನೋಡಿದ ಮೇಲೆ ಸ್ಟಾಫ್‌ರೂಮಿನಲ್ಲಿ ಕೆಲವು ದಿನ ಮಾತಾಡಲು ಹಿಂಜರಿದದ್ದುಂಟು.

1969ರ 'ಲಾ ಆಂಡ್ ಆರ್ಡರ್' ಕ್ಯಾನ್ಸಸ್ ಸಿಟಿಯ ಪೊಲೀಸರ ಬಗ್ಗೆ. ಮಾರ್ಟಿನ್ ಲೂಥರ್ ಕಿಂಗ್ ಕೊಲೆಯಾದ 1968ರಲ್ಲೇ ಚಿತ್ರೀಕರಣವಾದದ್ದು. ಪೊಲೀಸರ ಬಣ್ಣ ಬಯಲು ಮಾಡುತ್ತೇನೆ ಅಂತಲೇ ಹೋದವನು, ಅಲ್ಲಿ ನೋಡಿದ್ದು ಅಷ್ಟು ಸಲೀಸಾಗಿ ಒಂದು ಬಣ್ಣಕ್ಕೆ ಸಿಗುವಂಥದ್ದಲ್ಲ ಎಂದು ಮುಂದೆ ಹೇಳಿಕೊಂಡ. ಕಳೆದುಹೋದ ಮಗುವನ್ನು ಎತ್ತಿಕೊಂಡು ಸಮಾಧಾನ ಮಾಡುವ ಪೇದೆಯೂ ಚಿತ್ರದಲ್ಲಿದ್ದಾನೆ. ಆದರೆ ಯಾರೂ ಮರೆಯದ ದೃಶ್ಯ ಇನ್ನೊಂದು. ವೇಶ್ಯಾವೃತ್ತಿಯ ಆರೋಪದ ಮೇಲೆ ಒಬ್ಬ ಕಪ್ಪು ಹೆಣ್ಣುಮಗಳನ್ನು ಹಿಡಿಯಲು ಬಂದ ಮಫ್ತಿ ಪೊಲೀಸ್ ಆಕೆಯ ಕೊರಳನ್ನು ತೋಳಿನಲ್ಲಿ ಬಿಗಿಯುತ್ತಾನೆ. ಆಕೆಗೆ ಉಸಿರಾಡಲಾಗುವುದಿಲ್ಲ. ಕ್ಯಾಮೆರಾ ಕೆಲವೇ ಅಡಿ ದೂರದಲ್ಲಿದೆ, ಅದು ಅಲ್ಲಿದೆ ಎಂಬುದು ಆತನಿಗೆ ಗೊತ್ತು. ಆದರೂ ಕೈ ಸಡಿಲಿಸುವ ಅವಸರವೇ ಇಲ್ಲ. ವೈಸ್‌ಮನ್ ಇದಕ್ಕೆ ಕೊಡುವ ವಿವರಣೆ ಸರಿಯಾಗಿದೆ: ಜನ ತಾವು ಮಾಡುತ್ತಿರುವುದು ಸರಿ ಎಂದು ನಂಬಿರುತ್ತಾರೆ, ಹಾಗಾಗಿ ಕ್ಯಾಮೆರಾಕ್ಕೆ ಹೆದರುವ ಕಾರಣವೇ ಅವರಿಗೆ ಕಾಣಿಸುವುದಿಲ್ಲ. ಕ್ರೌರ್ಯ ಕದ್ದುಮುಚ್ಚಿ ನಡೆಯುತ್ತದೆ ಅಂತ ನಾವು ತಿಳಿಯುವುದು ತಪ್ಪು. ಅದಕ್ಕೆ ಮರ್ಯಾದೆಯ ಜಾಗ ಇರುವ ಕಡೆ ಅದು ಬೆಳಕಿನಲ್ಲೇ ನಡೆಯುತ್ತದೆ. 2020ರಲ್ಲಿ ಮಿನಿಯಾಪೊಲಿಸ್‌ನಲ್ಲಿ ಜಾರ್ಜ್ ಫ್ಲಾಯ್ಡ್ ಕತ್ತಿನ ಮೇಲೆ ಮಂಡಿಯೂರಿದ ಪೊಲೀಸನಿಗೂ ಎದುರಿಗೆ ಮೊಬೈಲ್ ಕ್ಯಾಮೆರಾ ಕಾಣುತ್ತಿತ್ತು.

ಈ ಭಾಗವನ್ನು ಪದವಿ ತರಗತಿಯಲ್ಲಿ ತೋರಿಸಿದಾಗ ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಎದ್ದು, "ಸಾರ್, ಕ್ಯಾಮೆರಾ ಹಿಡ್ಕೊಂಡಿದ್ದೋನು ಯಾಕೆ ಸುಮ್ನಿದ್ದ?" ಅಂದಳು. ಸಾಕ್ಷಿ ಉಳಿಸುವುದೂ ಒಂದು ಪ್ರತಿರೋಧ ಅಂತೇನೋ ಹೇಳಿದೆ. ಅವಳು ಒಪ್ಪಲಿಲ್ಲ. ನನಗೂ ನನ್ನ ಉತ್ತರ ಪೂರ್ತಿ ಒಪ್ಪಿಗೆಯಾಗಲಿಲ್ಲ.

1970ರ 'ಹಾಸ್ಪಿಟಲ್' ನ್ಯೂಯಾರ್ಕಿನ ಬಡವರ ದೊಡ್ಡಾಸ್ಪತ್ರೆಯದು. ಇಲ್ಲಿ ಮೇಜಿನ ಆಚೆಯವರೂ ಸೋತಿದ್ದಾರೆ ಎನ್ನುವುದು ಕಾಣುತ್ತದೆ. ಖಾಸಗಿ ಆಸ್ಪತ್ರೆಯೊಂದು ರೋಗಿಯನ್ನು ಕಾಗದಪತ್ರವಿಲ್ಲದೆ ಇಲ್ಲಿಗೆ ಸಾಗಹಾಕಿದ್ದಕ್ಕೆ ವೈದ್ಯನೊಬ್ಬ ಫೋನಿನಲ್ಲಿ ಜಗಳವಾಡುತ್ತಾನೆ. ಮತ್ತೊಬ್ಬ ಮನೋವೈದ್ಯ ಒಬ್ಬ ಕಪ್ಪು ಸಲಿಂಗಕಾಮಿ ತರುಣನಿಗೆ ಸರ್ಕಾರದ ನೆರವು ಕೊಡಿಸಲು ಕಲ್ಯಾಣ ಕಚೇರಿಗೆ ಫೋನು ಮಾಡಿ ಎಷ್ಟೆಷ್ಟೋ ಹೇಳುತ್ತಾನೆ. ಆ ಕಡೆಯಿಂದ ಫೋನು ಇಟ್ಟ ಶಬ್ದ. ಒಂದು ಮೇಜಿನ ಹಿಂದೆ ಇನ್ನೊಂದು ಮೇಜು, ಅದರ ಹಿಂದೆ ಮತ್ತೊಂದು.

ಆ ಫೋನು ಇಟ್ಟ ಕಡೆಗೆ ವೈಸ್‌ಮನ್ ಐದು ವರ್ಷಗಳ ನಂತರ ಹೋದ. 1975ರ 'ವೆಲ್ಫೇರ್' 167 ನಿಮಿಷದ ಕಪ್ಪುಬಿಳುಪು ಚಿತ್ರ, ಪೂರ್ತಿ ನ್ಯೂಯಾರ್ಕಿನ ಒಂದು ಕಲ್ಯಾಣ ಕಚೇರಿಯೊಳಗೆ. ನನ್ನ ಲೆಕ್ಕದಲ್ಲಿ ಆತನ ಅತ್ಯುತ್ತಮ ಕೃತಿ. ಕತೆಯೇ ಇಲ್ಲ, ಬರೀ ಕಾಯುವುದು. ಬೆಂಚುಗಳು, ಸಾಲುಗಳು, ಅರ್ಜಿಗಳು. ವಿಳಾಸ ಇಲ್ಲದಿದ್ದರೆ ಹಣ ಇಲ್ಲ, ಹಣ ಇಲ್ಲದಿದ್ದರೆ ಮನೆ ಇಲ್ಲ, ಮನೆ ಇಲ್ಲದಿದ್ದರೆ ವಿಳಾಸ ಇಲ್ಲ. ಆ ಕೌಂಟರಿನಿಂದ ಈ ಕೌಂಟರಿಗೆ, ಇಲ್ಲಿಂದ ಇನ್ನೊಂದು ಕಚೇರಿಗೆ, ಅಲ್ಲಿಂದ ಸಂಜೆ ಐದಕ್ಕೆ ಬಾಗಿಲು ಮುಚ್ಚುವುದಕ್ಕೆ. ಗುಮಾಸ್ತರು ರಾಕ್ಷಸರಲ್ಲ. ಅವರಲ್ಲಿ ಕಪ್ಪು ಜನರೂ ಇದ್ದಾರೆ, ದಣಿದ ಹೆಂಗಸರಿದ್ದಾರೆ, ಸಹಾಯ ಮಾಡಬೇಕು ಅನ್ನುವವರೂ ಇದ್ದಾರೆ. ಆದರೆ ನಿಯಮ ಎಂಬುದು ಅವರ ಬಾಯಿಂದ ತಾನೇ ಮಾತಾಡುತ್ತಿರುತ್ತದೆ. ವಿದ್ಯಾರ್ಥಿವೇತನದ ಅರ್ಜಿಗೆ ಒಂದು ಸೀಲು ಬೀಳಲು ನಾನು ಪಿಯುಸಿಯಲ್ಲಿ ಇಂಥದೇ ಒಂದು ಬೆಂಚಿನ ಮೇಲೆ ನಾಲ್ಕು ದಿನ ಕೂತಿದ್ದೆ. ಯಾರೂ ಬೈಯಲಿಲ್ಲ, ಯಾರೂ ಜಾತಿ ಎತ್ತಲಿಲ್ಲ. ಸಾಹೇಬರು ಫೀಲ್ಡಿಗೆ ಹೋಗಿದ್ದಾರೆ ಅಷ್ಟೇ. ಅಲ್ಲಿ ಆದ ಅವಮಾನಕ್ಕೆ ನನ್ನ ಹತ್ತಿರ ಭಾಷೆ ಇರಲಿಲ್ಲ, ಯಾಕೆಂದರೆ ನಮ್ಮ ಕತೆಗಳಲ್ಲಿ ಅವಮಾನ ಅಂದರೆ ಬೈಗುಳ, ಏಟು, ಬಹಿಷ್ಕಾರ. ಸುಮ್ಮನೆ ಕಾಯಿಸುವುದೂ ಒಂದು ಹಿಂಸೆ ಎಂಬುದು ನನಗೆ 'ವೆಲ್ಫೇರ್' ನೋಡಿದಾಗ ಗೊತ್ತಾಯಿತು.

ಆ ಚಿತ್ರದ ಒಂದು ದೃಶ್ಯವನ್ನು ಕಾರ್ಯಕರ್ತ ಗೆಳೆಯರು ನೋಡಲೇಬೇಕು. ಸಹಾಯ ಕೇಳಲು ಬಂದ ಒಬ್ಬ ಬಡ ಬಿಳಿಯ, ತಲೆಗೆ ಗಾಯದ ಪಟ್ಟಿ, ಕಾವಲಿಗೆ ನಿಂತ ಸಮವಸ್ತ್ರದ ಕಪ್ಪು ಮನುಷ್ಯನಿಗೆ ಕಪ್ಪು ಜನರ ಬಗ್ಗೆ ಬಾಯಿಗೆ ಬಂದಂತೆ ಮಾತಾಡುತ್ತಾನೆ. ಕಾವಲಿನವನು ವಿಯೆಟ್ನಾಮಿನಲ್ಲಿ ಹೋರಾಡಿ ಬಂದವನು. ಆತ ಕೈ ಎತ್ತುವುದಿಲ್ಲ, ಬೇಸರವೂ ತಮಾಷೆಯೂ ಬೆರೆತ ತಾಳ್ಮೆಯಲ್ಲಿ ಉತ್ತರಿಸುತ್ತಾ ಹೋಗುತ್ತಾನೆ. ಈ ಸಂವಾದ ಬಹಳ ಹೊತ್ತು ನಡೆಯುತ್ತದೆ, ಕತ್ತರಿ ಬೀಳುವುದಿಲ್ಲ. ಹೊಟ್ಟೆಗಿಲ್ಲದೆ ಅದೇ ಸಾಲಿನಲ್ಲಿ ನಿಂತವನಿಗೂ ತನ್ನ ಚರ್ಮದ ಬಣ್ಣವೆಂಬ ಆಸ್ತಿ ಉಳಿದಿದೆ, ಅದನ್ನು ಆತ ಬಿಡಲಾರ. ವರ್ಗ ಒಂದಾದರೆ ಎಲ್ಲ ಒಂದಾಗುತ್ತದೆ ಎಂದು ನಮಗೆ ಬೋಧಿಸುವ ಗೆಳೆಯರು ಇದಕ್ಕೆ ಏನು ಹೇಳುತ್ತಾರೋ. ಬ್ಲ್ಯಾಕ್ ಪ್ಯಾಂಥರ್ ಹೆಸರನ್ನು ಎತ್ತಿಕೊಂಡು 1972ರಲ್ಲಿ ಮುಂಬಯಿಯ ತರುಣರು ದಲಿತ ಪ್ಯಾಂಥರ್ ಕಟ್ಟಿದ್ದು ಕೇವಲ ಹೆಸರಿನ ಮೋಹದಿಂದ ಅಲ್ಲ. ಎರಡು ಕಡೆಯೂ ಬಡತನದ ಕೆಳಗೆ ಇನ್ನೊಂದು ನೆಲಮಾಳಿಗೆ ಇತ್ತು.

ಮುಂದಿನ ಚಿತ್ರಗಳ ಬಗ್ಗೆ ಬೇಗ ಹೇಳಿ ಮುಗಿಸುತ್ತೇನೆ. 1976ರ 'ಮೀಟ್' ದನ ಕುರಿಗಳು ಪೊಟ್ಟಣಗಳಾಗುವವರೆಗಿನ ಕಸಾಯಿಕಾರ್ಖಾನೆ. 1983ರ 'ದಿ ಸ್ಟೋರ್' ಆತನ ಮೊದಲ ಬಣ್ಣದ ಚಿತ್ರ. 1989ರ 'ನಿಯರ್ ಡೆತ್' ಸುಮಾರು ಆರು ಗಂಟೆಯಷ್ಟು ಉದ್ದ, ಬಾಸ್ಟನ್ನಿನ ತೀವ್ರನಿಗಾ ಘಟಕದ್ದು. ಆಮೇಲೆ ಬ್ಯಾಲೆ, ನಾಟಕಶಾಲೆ, ಲಂಡನ್ನಿನ ಕಲಾ ಸಂಗ್ರಹಾಲಯ, ನ್ಯೂಯಾರ್ಕಿನ ಗ್ರಂಥಾಲಯ, 2020ರ 'ಸಿಟಿ ಹಾಲ್', 2023ರಲ್ಲಿ ಫ್ರಾನ್ಸಿನ ಒಂದು ದುಬಾರಿ ಹೋಟೆಲಿನ ಅಡುಗೆಮನೆ. 2016ರಲ್ಲಿ ಗೌರವ ಆಸ್ಕರ್ ಬಂತು. ಈ ಕಡೆಯ ಚಿತ್ರಗಳಲ್ಲಿ ಸಂಸ್ಥೆಗಳ ಮೇಲೆ ಒಂದು ಬಗೆಯ ಪ್ರೀತಿ ಸೇರಿಕೊಂಡಿತು. ಮೊದಲಿನ ಉರಿ ಇಲ್ಲ. ವಯಸ್ಸಾಯಿತು ಅನ್ನಬಹುದು. ತನ್ನನ್ನು ಒಳಗೆ ಬಿಟ್ಟುಕೊಂಡವರ ಮೇಲೆ ದಾಕ್ಷಿಣ್ಯ ಬೆಳೆಯಿತು ಅಂತಲೂ ಅನ್ನಬಹುದು.

ಈಗ ನನ್ನ ತಕರಾರು. ಇಷ್ಟೆಲ್ಲ ಮೇಜುಗಳನ್ನು ತೋರಿಸಿದ ವೈಸ್‌ಮನ್ ಚಿತ್ರಗಳಲ್ಲಿ ಒಂದು ಮೇಜು ಎಂದೂ ಕಾಣಿಸುವುದಿಲ್ಲ: ಎಡಿಟಿಂಗ್ ಮೇಜು. ಯಾರ ಮಾತು ಉಳಿಯಬೇಕು, ಯಾರದು ಹೋಗಬೇಕು ಎಂದು ತಿಂಗಳುಗಟ್ಟಲೆ ತೀರ್ಮಾನಿಸಿದ ಆ ಕೋಣೆಯಲ್ಲಿ ಆತ ಒಬ್ಬನೇ. ಅಲ್ಲಿ ಆ ಕಪ್ಪು ಹೆಣ್ಣುಮಗಳಿಲ್ಲ, ಬೆಂಚಿನ ಮೇಲೆ ಕೂತವರಿಲ್ಲ. ಎಲ್ಲವೂ ಕಟ್ಟಿದ್ದೇ ಎಂದು ಸಂದರ್ಶನಗಳಲ್ಲಿ ಪ್ರಾಮಾಣಿಕವಾಗಿ ಒಪ್ಪಿಕೊಂಡ, ಆದರೆ ಚಿತ್ರದೊಳಗೆ ಆ ಒಪ್ಪಿಗೆಗೆ ಜಾಗ ಕೊಡಲಿಲ್ಲ. ಅದೇ ಕಾಲದಲ್ಲಿ ವಿಲಿಯಂ ಗ್ರೀವ್ಸ್ ಎಂಬ ಕಪ್ಪು ನಿರ್ದೇಶಕ ಬೇರೆಯದನ್ನೇ ಮಾಡಿದ. 1968ರಲ್ಲಿ ನ್ಯೂಯಾರ್ಕಿನ ಸೆಂಟ್ರಲ್ ಪಾರ್ಕಿನಲ್ಲಿ ಒಂದು ಸಿನಿಮಾ ತೆಗೆಯುತ್ತಾ ಒಂದು ಕ್ಯಾಮೆರಾವನ್ನು ನಟರ ಮೇಲೆ, ಇನ್ನೊಂದನ್ನು ತನ್ನ ತಂಡದ ಮೇಲೆ ಇಟ್ಟ. ತಂಡದವರು ನಿರ್ದೇಶಕನಿಗೆ ಕೆಲಸ ಗೊತ್ತಿಲ್ಲ ಅಂತ ಸೇರಿ ಗೊಣಗಿದ್ದನ್ನು ಅವರೇ ಚಿತ್ರಿಸಿಕೊಂಡರು, ಆತ ಅದನ್ನೂ ಚಿತ್ರದಲ್ಲಿಟ್ಟ. ಅದೇ 1968ರಲ್ಲಿ ಶುರುವಾದ 'ಬ್ಲ್ಯಾಕ್ ಜರ್ನಲ್' ಎಂಬ ಟಿವಿ ಕಾರ್ಯಕ್ರಮವನ್ನೂ ಮುಂದೆ ನಡೆಸಿದ. ಅಲ್ಲಿ ಕಪ್ಪು ಜನ ತಮ್ಮ ಬಗ್ಗೆ ತಾವೇ ವರದಿ ಮಾಡಿದರು. ವೈಸ್‌ಮನ್‌ಗೆ ಸಿಕ್ಕ ಹೆಸರು ಗ್ರೀವ್ಸ್‌ಗೆ ಬದುಕಿದ್ದಾಗ ಅಷ್ಟು ಸಿಗಲಿಲ್ಲ. ಸದ್ದಿಲ್ಲದೆ ಎಲ್ಲರನ್ನೂ ನೋಡುವ ಹಕ್ಕು ಯಾರಿಗೆ ಸಹಜವಾಗಿ ದಕ್ಕುತ್ತದೆ? ಆಸ್ಪತ್ರೆಯ, ಠಾಣೆಯ ಬಾಗಿಲಲ್ಲಿ ಮೈಕು ಹಿಡಿದು ನಿಂತ ಬಿಳಿಯ ವಕೀಲನನ್ನು ಯಾರೂ ಅನುಮಾನದಿಂದ ನೋಡಲಿಲ್ಲ. ಆ ಕಾಣದಿರುವಿಕೆಯೇ ಒಂದು ಸವಲತ್ತು.

ಇಷ್ಟು ಹೇಳಿದ ಮೇಲೂ ನಾನು ಮತ್ತೆ ಮತ್ತೆ ಹಿಂದಿರುಗುವ ಚಿತ್ರ 1997ರ 'ಪಬ್ಲಿಕ್ ಹೌಸಿಂಗ್'. ಶಿಕಾಗೋದ ದಕ್ಷಿಣ ಭಾಗದ ಐಡಾ ಬಿ. ವೆಲ್ಸ್ ವಸತಿ ಸಮುಚ್ಚಯ ಅದರ ಜಾಗ. ಐಡಾ ಬಿ. ವೆಲ್ಸ್ 1862ರಲ್ಲಿ ಗುಲಾಮಗಿರಿಯಲ್ಲಿ ಹುಟ್ಟಿ, ಕಪ್ಪು ಜನರನ್ನು ಗುಂಪುಗೂಡಿ ಕೊಲ್ಲುವುದರ ವಿರುದ್ಧ ಜೀವಮಾನವಿಡೀ ಬರೆದ ಪತ್ರಕರ್ತೆ. ಆಕೆಯ ಹೆಸರಿನ ಈ ಮನೆಗಳು ಕಪ್ಪು ಬಡವರಿಗಾಗಿ 1941ರಲ್ಲಿ ಸಿದ್ಧವಾದವು. ಚಿತ್ರದಲ್ಲಿ ನಿವಾಸಿಗಳ ಮಂಡಳಿಯ ಅಧ್ಯಕ್ಷೆ, ಕಪ್ಪು ಹೆಂಗಸು, ಫೋನು ಹಿಡಿದು ವಸತಿ ಇಲಾಖೆಯವರೊಂದಿಗೆ ಗುದ್ದಾಡುತ್ತಾಳೆ. ಇಲ್ಲಿ ಇಷ್ಟೊಂದು ಮನೆ ಖಾಲಿ ಬಿದ್ದಿವೆ, ಕೂಸು ಇರುವ ಈ ಹುಡುಗಿಗೆ ಒಂದು ಮನೆ ಯಾಕಿಲ್ಲ? ಇಷ್ಟು ವರ್ಷದಲ್ಲಿ ಮೊದಲ ಬಾರಿಗೆ ಎಂಬಂತೆ ಆ ಚಿತ್ರದಲ್ಲಿ ಮೇಜಿನ ಆಚೆ ಕೂತವಳು ಈಚೆಯವರ ಪೈಕಿ ಒಬ್ಬಳು, ಮತ್ತು ಆಕೆಗೆ ಇಲಾಖೆಯ ಭಾಷೆ ಇಲಾಖೆಯವರಿಗಿಂತ ಚೆನ್ನಾಗಿ ಬರುತ್ತದೆ. ಕ್ಯಾಮೆರಾ ಆಕೆಯನ್ನು ಬಿಟ್ಟು ಕದಲುವುದಿಲ್ಲ. ಇನ್ನೊಂದು ಕಡೆ ಒಬ್ಬ ಮುದುಕಿ ತನ್ನ ಅಡುಗೆಮನೆಯಲ್ಲಿ ಕೂತು ಎಲೆಕೋಸಿನ ಎಲೆಗಳನ್ನು ನಿಧಾನವಾಗಿ ಬಿಡಿಸುತ್ತಾಳೆ. ಮಾತಿಲ್ಲ. ಹೇಗನ್ನಿಸ್ತಾ ಇದೆ ಅಂತ ಯಾರೂ ಕೇಳುವುದಿಲ್ಲ.

ಚಿತ್ರ ಬಂದು ಐದು ವರ್ಷ ಕಳೆಯುವಷ್ಟರಲ್ಲಿ ಸಮುಚ್ಚಯವನ್ನು ಕೆಡವಲು ಶುರುಮಾಡಿದರು. 2011ರ ಹೊತ್ತಿಗೆ ಕೊನೆಯ ಕಟ್ಟಡವೂ ನೆಲಕ್ಕೆ ಬಿತ್ತು.